ಸೀನು ಕಟ್ಟುವವರು

ಗಿರೀಶ ಕಾರ್ನಾಡರ ‘ತುಘಲಕ್’ ನೋಡಿ ಬಂದವರಿಗೆ ಸುಲ್ತಾನನ ಜೊತೆಜೊತೆಗೇ ನೆನಪಿನಲ್ಲಿ ಉಳಿಯುವವನು ಅಜೀಜ್. ಅಗಸನಾಗಿ ಹುಟ್ಟಿ, ಬ್ರಾಹ್ಮಣನ ಹೆಸರಿನಲ್ಲಿ ಸುಲ್ತಾನನ ಮೇಲೆಯೇ ದಾವೆ ಗೆದ್ದು, ಕೊನೆಗೆ ಖಲೀಫರ ವಂಶದವನ ವೇಷದಲ್ಲಿ ಅರಮನೆಯೊಳಗೇ ಕಾಲಿಡುವ ಕಿಲಾಡಿ ಅವನು. ಈ ಪಾತ್ರ ಹೀಗೆ ಬೆಳೆಯುವುದಕ್ಕೆ ಒಂದು ಕಾರಣ, ಹಿಂದಿನ ಕಾಲದ ನಾಟಕ ಕಂಪನಿಗಳಲ್ಲಿ ಪರದೆಯ ಹಿಂದೆ ಸೀನು ಬದಲಾಯಿಸಲು ಹಿಡಿಯುತ್ತಿದ್ದ ಹೊತ್ತು.

ಕಾರ್ನಾಡರೇ ಇದನ್ನು ವಿವರಿಸಿದ್ದಾರೆ. ಪಾರ್ಸಿ ಶೈಲಿಯ ಕಂಪನಿ ನಾಟಕಗಳಲ್ಲಿ ಎರಡು ಬಗೆಯ ದೃಶ್ಯಗಳು ಒಂದಾದ ಮೇಲೊಂದು ಬರುತ್ತಿದ್ದವು. ಅರಮನೆ, ಉದ್ಯಾನಗಳ ದೃಶ್ಯಕ್ಕೆ ಇಡೀ ರಂಗ ಬೇಕು. ಅದು ಮುಗಿದ ಕೂಡಲೇ ಮುಂದುಗಡೆ ಬೀದಿಯ ಪರದೆ ಇಳಿಯುತ್ತಿತ್ತು. ಆ ಪರದೆಯ ಮುಂದಿನ ಕಿರಿದಾದ ಜಾಗದಲ್ಲಿ ಹಾಸ್ಯಗಾರರು ಜನರನ್ನು ನಗಿಸುತ್ತಿದ್ದರೆ, ಹಿಂದೆ ಕೆಲಸದವರು ಸಿಂಹಾಸನ ಸರಿಸಿ, ಮಂಟಪ ನಿಲ್ಲಿಸಿ, ಮುಂದಿನ ಸೀನು ಸಿದ್ಧ ಮಾಡುತ್ತಿದ್ದರು. ರಾಜರಾಣಿಯರಿಗೆ ಆಳವಾದ ರಂಗ, ಸಾಮಾನ್ಯ ಜನರಿಗೆ ಬೀದಿ ಪರದೆ. ‘ತುಘಲಕ್’ ಬರೆಯುವಾಗ ಕಾರ್ನಾಡರು ಈ ಚೌಕಟ್ಟನ್ನೇ ಹಿಡಿದರು. ಬೀದಿ ದೃಶ್ಯಗಳ ಹಾಸ್ಯಕ್ಕೆಂದು ಬಂದ ಅಜೀಜ್ ದೃಶ್ಯದಿಂದ ದೃಶ್ಯಕ್ಕೆ ಬಲಿತು, ಆ ಪರದೆಯನ್ನು ದಾಟಿ ಸುಲ್ತಾನನ ಎದುರಿಗೇ ಬಂದು ನಿಂತ.

ಸಿಂಹಾಸನ ಹೊತ್ತು ಸಾಗಿಸುವ ಕೈಗಳಿಗೆ ಎಷ್ಟು ಹೊತ್ತು ಬೇಕೆಂಬ ಲೆಕ್ಕ ಹೀಗೆ ಆಧುನಿಕ ಕನ್ನಡದ ಮಹತ್ವದ ನಾಟಕವೊಂದರ ಹೆಣಿಗೆಯೊಳಗೇ ಸೇರಿಹೋಗಿದೆ. ಆದರೂ ನಾಟಕದ ವಿಮರ್ಶೆ ಬರೆಯುವಾಗ ನಾವು ನಾಟಕಕಾರ, ನಿರ್ದೇಶಕ, ನಟರ ಬಗ್ಗೆ ಪುಟ ತುಂಬಿಸುತ್ತೇವೆ. ಕೊನೆಯಲ್ಲಿ ‘ರಂಗಸಜ್ಜಿಕೆ ಸೊಗಸಾಗಿತ್ತು’ ಎಂಬ ಒಂದು ಸಾಲು. ಆ ಒಂದು ಸಾಲಿನ ಹಿಂದೆ ಒಬ್ಬ ಮನುಷ್ಯನ ಇಡೀ ವೃತ್ತಿಜೀವನ ಇರುತ್ತದೆ. ರಂಗಸಜ್ಜಿಕೆ ಮಾಡುವವರು ನಟನಿಗೆ ನಿಲ್ಲುವ ಜಾಗವನ್ನೂ ನಡೆಯುವ ದಾರಿಯನ್ನೂ, ಪ್ರೇಕ್ಷಕನಿಗೆ ನೋಡುವ ಕೋನವನ್ನೂ ಕೊಡುವವರು. ನಾಟಕವನ್ನು ಕಟ್ಟುವವರಲ್ಲಿ ಅವರನ್ನೂ ಎಣಿಸಬೇಕೆಂಬುದೇ ಈ ಲೇಖನದ ಮಾತು.

ಕನ್ನಡ ವೃತ್ತಿರಂಗಭೂಮಿ ಬೆಳೆದದ್ದು ಬಣ್ಣದ ಪರದೆಗಳ ನಡುವೆ. 19ನೇ ಶತಮಾನದ ಕೊನೆಯ ದಶಕಗಳಲ್ಲಿ ಪಾರ್ಸಿ ಕಂಪನಿಗಳು ಈ ನಾಡಿಗೂ ಬಂದು ಬಣ್ಣ ಬರೆದ ಪರದೆ, ಸೈಡ್‌ವಿಂಗು, ಝಾಲರುಗಳ ವೈಭವ ತೋರಿಸಿ ಹೋದವು. ಬಯಲಾಟದಲ್ಲಿ ಇಬ್ಬರು ಹಿಡಿದು ನಿಲ್ಲುವ ತೆರೆಯನ್ನಷ್ಟೇ ಕಂಡಿದ್ದ ಜನಕ್ಕೆ, ಕಣ್ಣೆದುರೇ ಕಾಡು ಮಾಯವಾಗಿ ದರ್ಬಾರು ಮೂಡುವುದು ಹೊಸ ಲೋಕ. 1884ರಲ್ಲಿ ಹುಟ್ಟಿದ ಗುಬ್ಬಿ ಶ್ರೀ ಚನ್ನಬಸವೇಶ್ವರ ನಾಟಕ ಕಂಪನಿ, ಗುಬ್ಬಿ ವೀರಣ್ಣನವರ ಕಾಲಕ್ಕೆ ಈ ವೈಭವವನ್ನು ತುತ್ತತುದಿಗೆ ಒಯ್ದಿತು. ಅವರ ‘ಕುರುಕ್ಷೇತ್ರ’ದಲ್ಲಿ ನಿಜವಾದ ಆನೆ, ಕುದುರೆಗಳೇ ರಂಗಕ್ಕೆ ಬಂದವು. ಆನೆ ಯಾವ ಕಡೆಯಿಂದ ಬರಬೇಕು, ಎಲ್ಲಿ ತಿರುಗಬೇಕು, ಅದರ ಭಾರಕ್ಕೆ ನೆಲ ತಡೆಯುತ್ತದೆಯೇ, ಹೋಗಲು ದಾರಿ ಎಷ್ಟು ಅಗಲ ಇರಬೇಕು ಎಂಬುದನ್ನೆಲ್ಲ ಮೊದಲೇ ಕೂತು ಯಾರೋ ಲೆಕ್ಕ ಹಾಕಿರಲೇಬೇಕು. ವೀರಣ್ಣನವರ ಹೆಸರು ನಾಡಿಗೆಲ್ಲ ಗೊತ್ತು. ಆ ಲೆಕ್ಕ ಹಾಕಿದವರ ಹೆಸರು ಹೇಳುವವರು ಸಿಗುವುದು ಕಷ್ಟ.

ಪರದೆ ಬರೆಯುವುದು ದೊಡ್ಡ ವಿದ್ಯೆ. ಅಗಲದ ಬಟ್ಟೆಯ ಪಟ್ಟಿಗಳನ್ನು ಜೋಡಿಸಿ ಹೊಲಿದು, ನೆಲದ ಮೇಲೆ ಹಾಸಿಯೋ ಚೌಕಟ್ಟಿಗೆ ಬಿಗಿದೋ, ಮೊದಲು ಸರೇಸು ಬೆರೆಸಿದ ಬಿಳಿಯ ಗಂಜಿ ಬಳಿಯಬೇಕು. ಅದು ಒಣಗಿದ ಮೇಲೆ ಪುಡಿ ಬಣ್ಣವನ್ನು ಸರೇಸಿನ ನೀರಿನಲ್ಲಿ ಕಲಸಿ ಬರೆಯಬೇಕು. ಎಣ್ಣೆ ಬಣ್ಣ ಇಲ್ಲಿ ಕೆಲಸಕ್ಕೆ ಬಾರದು. ಅದು ದೀಪದ ಬೆಳಕಿಗೆ ಹೊಳೆಯುತ್ತದೆ, ಬಟ್ಟೆಯನ್ನು ಭಾರ ಮಾಡುತ್ತದೆ, ಸುತ್ತಿ ಬಿಚ್ಚಿ ಮಾಡಿದರೆ ಬಿರಿಯುತ್ತದೆ. ಊರೂರಿಗೆ ಕ್ಯಾಂಪು ಹೊರಡುವ ಕಂಪನಿಯ ಪರದೆಗೆ ಸುತ್ತುವುದು ಬಿಚ್ಚುವುದೇ ಬದುಕು. ಒಂದು ಅರಮನೆ, ಒಂದು ಕಾಡು, ಒಂದು ಬೀದಿ, ಒಂದು ಉದ್ಯಾನ, ಒಂದು ಸೆರೆಮನೆ, ಒಂದು ಕೈಲಾಸ ಇದ್ದರೆ ಬಹುಪಾಲು ಪೌರಾಣಿಕ ನಾಟಕಗಳೆಲ್ಲ ಸಾಗುತ್ತಿದ್ದವು. ನಳ ದಮಯಂತಿಯನ್ನು ಬಿಟ್ಟು ಹೋದ ಕಾಡೇ ಮರುದಿನ ರಾಮನ ವನವಾಸಕ್ಕೂ ಆಗುತ್ತಿತ್ತು.

ಈ ಪರದೆ ನಟನ ನಡಿಗೆಯನ್ನೂ ತೀರ್ಮಾನಿಸುತ್ತಿತ್ತು ಎಂಬುದನ್ನು ನಾವು ಗಮನಿಸುವುದು ಕಡಿಮೆ. ಪರದೆಯ ಮೇಲಿನ ಕಂಬಗಳ ಸಾಲು ದೂರ ಹೋದಂತೆ ಚಿಕ್ಕದಾಗುತ್ತ ಹೋಗುತ್ತದೆ. ಸಭಾಂಗಣದ ನಡುವೆ ಕೂತವನಿಗೆ ಅರಮನೆ ಮೈಲುದ್ದ ಇದೆ ಎನಿಸುತ್ತದೆ. ಆದರೆ ನಟ ಹಿಂದೆ ಸರಿದು ಪರದೆಯ ಹತ್ತಿರ ಹೋದನೋ, ಆ ಭ್ರಮೆ ಹರಿದುಹೋಗುತ್ತದೆ. ಅವನು ಕಂಬಕ್ಕಿಂತ ಎತ್ತರವಾಗಿಬಿಡುತ್ತಾನೆ. ಅದಕ್ಕೇ ನಟರು ಮುಂದೆಯೇ ನಿಂತು, ಜನಕ್ಕೆ ಮುಖ ಕೊಟ್ಟು ಮಾತಾಡುವುದು, ಹಾಡುವುದು ಅನುಕೂಲ. ಮೈಕು ಇಲ್ಲದ ಕಾಲದಲ್ಲಿ ಕೊನೆಯ ಬೆಂಚಿಗೆ ದನಿ ಮುಟ್ಟಿಸಬೇಕಾದ ಅಗತ್ಯವೂ ಇದರೊಂದಿಗೆ ಸೇರಿತು. ಕಂಪನಿ ನಾಟಕದ ಅಭಿನಯ ಶೈಲಿ ಎಂದು ನಾವು ಕರೆಯುವುದರಲ್ಲಿ ಪರದೆ ಬರೆದ ಕಲಾವಿದನ ಪಾಲೂ ಇದೆ.

ವಿದ್ಯುತ್ ದೀಪ ಬಂದ ಮೇಲೆ ಜಗತ್ತಿನ ಎಲ್ಲ ಕಡೆಯೂ ಬಣ್ಣದ ಪರದೆಗೆ ಕಷ್ಟಕಾಲ ಶುರುವಾಯಿತು. ಸ್ವಿಟ್ಜರ್ಲೆಂಡಿನ ಅಡಾಲ್ಫ್ ಆಪಿಯಾ (1862–1928) ಇದನ್ನು ಎಲ್ಲರಿಗಿಂತ ಮೊದಲು ಸ್ಪಷ್ಟವಾಗಿ ಕಂಡವರಲ್ಲಿ ಒಬ್ಬ. ಬಟ್ಟೆಯ ಮೇಲೆ ಬರೆದ ನೆರಳು ದೀಪ ಎಲ್ಲಿಂದ ಬಂದರೂ ಅಲ್ಲೇ ಇರುತ್ತದೆ, ಅದರ ಮುಂದೆ ನಿಂತ ನಟನ ನೆರಳು ಮಾತ್ರ ದೀಪಕ್ಕೆ ತಕ್ಕಂತೆ ತಿರುಗುತ್ತದೆ. ಬರೆದ ಬೆಳಕಿಗೂ ನಿಜವಾದ ಬೆಳಕಿಗೂ ಹೊಂದಾಣಿಕೆಯಾಗುವುದಿಲ್ಲ. ಆದ್ದರಿಂದ ಪರದೆ ತೆಗೆದು ಮೆಟ್ಟಿಲು, ಕಂಬ, ಇಳಿಜಾರುಗಳನ್ನು ಇಡಬೇಕು, ಅವುಗಳ ಮೇಲೆ ಬೆಳಕು ಆಡಬೇಕು, ನಟನ ದೇಹ ಅವುಗಳ ಮೇಲೆ ಹತ್ತಿ ಇಳಿಯಬೇಕು ಎಂದು ಆಪಿಯಾ ವಾದಿಸಿದ. ಇಂದು ನಮ್ಮ ಹವ್ಯಾಸಿ ತಂಡಗಳು ‘ಎರಡು ಲೆವೆಲ್ಲು (ರಂಗದ ಮೇಲಿನ ಎತ್ತರದ ಕಟ್ಟೆ) ಸಾಕು’ ಎನ್ನುವಾಗ ಆಪಿಯಾನ ಆ ವಾದದ ಫಲವನ್ನೇ ಬಳಸುತ್ತಿರುತ್ತವೆ.

ಭಾರತದಲ್ಲಿ ಈ ಯೋಚನೆಗೆ ಗಟ್ಟಿಯಾದ ನೆಲೆ ಕೊಟ್ಟವರಲ್ಲಿ ಇಬ್ರಾಹಿಂ ಅಲ್ಕಾಜಿ ಮುಖ್ಯರು. 1962ರಿಂದ 1977ರವರೆಗೆ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯನ್ನು ನಡೆಸಿದ ಅವರು, ವಿನ್ಯಾಸವನ್ನು ನಟನೆಯಷ್ಟೇ ಗಂಭೀರವಾದ ಪಾಠವಾಗಿಸಿದರು. 1963ರಲ್ಲಿ ‘ಅಂಧಾಯುಗ’ವನ್ನು ಫಿರೋಜ್ ಷಾ ಕೋಟ್ಲಾದ ಅವಶೇಷಗಳ ನಡುವೆ ಆಡಿಸಿದರು. 1970ರ ದಶಕದ ಆರಂಭದಲ್ಲಿ ನಮ್ಮ ‘ತುಘಲಕ್’ ದೆಹಲಿಯ ಪುರಾನಾ ಕಿಲಾದಲ್ಲಿ ನಡೆಯಿತು. ಕೋಟೆಯ ಗೋಡೆಗಳೇ ಸೆಟ್ಟು. ನಿರ್ದೇಶಕ ಅಲ್ಲಿ ಗೋಡೆ ಕಟ್ಟಲಿಲ್ಲ ನಿಜ. ಆದರೆ ಯಾವ ಗೋಡೆಯ ಮುಂದೆ ಯಾವ ದೃಶ್ಯ, ಜನ ಎಲ್ಲಿ ಕೂರಬೇಕು, ಸುಲ್ತಾನ ಯಾವ ಮೆಟ್ಟಿಲಿನಿಂದ ಇಳಿದರೆ ಒಂಟಿಯಾಗಿ ಕಾಣುತ್ತಾನೆ ಎಂದು ಆರಿಸುವುದು ಕಟ್ಟುವುದಕ್ಕಿಂತ ಸುಲಭದ ಕೆಲಸವಲ್ಲ.

ಕನ್ನಡದಲ್ಲಿ ಆ ಹೊರಳು ಬಂದದ್ದು ಬಯಲಿನಲ್ಲಿ. ನಾಟಕ ಶಾಲೆಯಲ್ಲಿ ಕಲಿತು ಬಂದ ಬಿ.ವಿ. ಕಾರಂತರು 1972ರಲ್ಲಿ ಬೆಂಗಳೂರಿನ ರವೀಂದ್ರ ಕಲಾಕ್ಷೇತ್ರದ ಹಿಂದಿನ ಬಯಲಿನಲ್ಲಿ ‘ಈಡಿಪಸ್’, ‘ಜೋಕುಮಾರಸ್ವಾಮಿ’, ‘ಸಂಕ್ರಾಂತಿ’ ಮೂರನ್ನೂ ಆಡಿಸಿದರು. ಮುಂದೆ ಸಂಸ ಬಯಲು ರಂಗಮಂದಿರ ಎಂದು ಹೆಸರಾದ ಜಾಗ ಅದು. ಪಕ್ಕದಲ್ಲೇ ಪರದೆ, ಚೌಕಟ್ಟು ಎಲ್ಲ ಇರುವ ಸುಸಜ್ಜಿತ ರಂಗಮಂದಿರ ಇದ್ದಾಗ ಹಿಂದಿನ ಬಯಲಿಗೆ ಹೋದದ್ದು ಒಂದು ವಿನ್ಯಾಸದ ತೀರ್ಮಾನ. ಯಕ್ಷಗಾನ ಬಯಲಾಟ ನೋಡಿ ಬೆಳೆದ ಕರಾವಳಿಯ ಮನುಷ್ಯನಿಗೆ ಅದು ಹೊಸದೇನೂ ಆಗಿರಲಿಲ್ಲ. ಯಕ್ಷಗಾನದ ರಂಗಸ್ಥಳದಲ್ಲಿ ‘ರಥ’ ಎಂದು ಕರೆಯುವ ಒಂದು ಮರದ ಪೀಠ ಇರುತ್ತದೆ. ದೇವೇಂದ್ರ ಅದರ ಮೇಲೆ ಕೂತರೆ ಸಿಂಹಾಸನ, ಅರ್ಜುನ ಏರಿ ನಿಂತರೆ ಯುದ್ಧರಥ, ಭೀಮ ಕಾಲಿಟ್ಟರೆ ಬಂಡೆ. ಒಂದು ಪೀಠ ಇಷ್ಟೆಲ್ಲ ಆಗುವುದು ನಟನ ಮೈಯಿಂದ. ಬರಿದಾದ ರಂಗವೂ ಯಾರೋ ತೂಗಿ ಅಳೆದು ಮಾಡಿದ ರಂಗಸಜ್ಜಿಕೆಯೇ ಎಂಬುದು ಇದರಲ್ಲಿ ಅಡಗಿದೆ.

ರಂಗಸಜ್ಜಿಕೆಯವರ ದಿನದ ಕೆಲಸ ಹೇಗಿರುತ್ತದೆ ಎಂದು ಕೇಳಿದರೆ ಬಹಳ ಜನ ಕುಂಚ, ಬಣ್ಣದಿಂದ ಶುರು ಮಾಡುತ್ತಾರೆ. ಕೆಲಸ ಶುರುವಾಗುವುದು ಓದಿನಿಂದ. ಮೊದಲ ಓದು ಕಥೆಗಾಗಿ. ಎರಡನೆಯ ಓದು ಲೆಕ್ಕಕ್ಕಾಗಿ. ಯಾರು ಯಾವಾಗ ಬರುತ್ತಾರೆ, ಎಷ್ಟು ಜನ ಒಟ್ಟಿಗೆ ರಂಗದ ಮೇಲೆ ಇರುತ್ತಾರೆ, ಯಾರು ಯಾರಿಗೆ ಕಾಣದಂತೆ ಅಡಗಬೇಕು, ಹೊತ್ತು ಹಗಲೋ ಇರುಳೋ, ದೃಶ್ಯದಿಂದ ದೃಶ್ಯಕ್ಕೆ ಎಷ್ಟು ಕ್ಷಣ ಸಿಗುತ್ತದೆ. ಆಮೇಲೆ ನಿರ್ದೇಶಕರೊಂದಿಗೆ ಮಾತು. ಆ ಮಾತು ಸಾಮಾನ್ಯವಾಗಿ ‘ಮನೆ ಬೇಕು’ ಎಂದು ಶುರುವಾಗಿ ‘ಮನೆಯೊಳಗಿನ ಉಸಿರುಗಟ್ಟುವಿಕೆ ಬೇಕು’ ಎಂಬಲ್ಲಿಗೆ ಬಂದಾಗ ಮಾತ್ರ ವಿನ್ಯಾಸಕ್ಕೆ ದಾರಿ ತೆರೆಯುತ್ತದೆ.

ಮುಂದೆ ನೆಲದ ನಕ್ಷೆ. ರಂಗವನ್ನು ಮೇಲಿನಿಂದ ನೋಡಿದಂತೆ ಬರೆದ ಈ ನಕ್ಷೆ ತಪ್ಪಿದರೆ ಉಳಿದುದೆಲ್ಲ ತಪ್ಪುತ್ತದೆ. ನಂತರ ಮಾದರಿ. ಅರ್ಧ ಅಂಗುಲಕ್ಕೆ ಒಂದು ಅಡಿ ಎಂಬ ಪ್ರಮಾಣದಲ್ಲಿ ರಟ್ಟಿನಿಂದ ಇಡೀ ರಂಗವನ್ನು ಮೇಜಿನ ಮೇಲೆ ಕಟ್ಟುತ್ತಾರೆ. ಅದರೊಳಗೆ ಎರಡೂಮುಕ್ಕಾಲು ಅಂಗುಲದ ಒಂದು ರಟ್ಟಿನ ಮನುಷ್ಯನನ್ನು ನಿಲ್ಲಿಸುತ್ತಾರೆ. ಐದೂವರೆ ಅಡಿಯ ನಟನಿಗೆ ಅವನು ಪ್ರತಿನಿಧಿ. ಅನುಭವಿ ವಿನ್ಯಾಸಕರು ಮಾದರಿಯಲ್ಲಿ ಮೊದಲು ನೋಡುವುದು ಗೋಡೆಯನ್ನಲ್ಲ, ಈ ಪುಟ್ಟ ಮನುಷ್ಯನನ್ನು. ಬಾಗಿಲು ಅವನಿಗಿಂತ ಎಷ್ಟು ದೊಡ್ಡದು? ಗೋಡೆ ಅವನನ್ನು ನುಂಗುತ್ತಿದೆಯೇ, ಕಾಯುತ್ತಿದೆಯೇ? ಅವನನ್ನು ಮೂಲೆಯಲ್ಲಿಟ್ಟರೆ ಅನಾಥನಂತೆ ಕಾಣುತ್ತಾನೆಯೇ? ಮಾದರಿಯ ಪಕ್ಕದಲ್ಲಿ ಕಣ್ಣು ತಗ್ಗಿಸಿ, ಮೊದಲ ಸಾಲಿನ ತುದಿಯ ಕುರ್ಚಿಯಿಂದ ಏನು ಕಾಣುತ್ತದೆ, ಕೊನೆಯ ಸಾಲಿನಿಂದ ಏನು ಕಾಣುತ್ತದೆ ಎಂದು ನೋಡುತ್ತಾರೆ. ನಡುವಿನ ಕುರ್ಚಿಗೆ ಚೆಂದ ಕಾಣಿಸುವುದು ಕಷ್ಟವಲ್ಲ. ತುದಿಯ ಕುರ್ಚಿಯವನೂ ಅದೇ ದುಡ್ಡು ಕೊಟ್ಟು ಬಂದಿರುತ್ತಾನೆ.

ಇನ್ನು ಕಟ್ಟುವ ಹಂತ. ಇಲ್ಲಿ ಕಲೆಗಿಂತ ಹೆಚ್ಚಾಗಿ ಬಡಗಿಯ ಜಾಣತನ ಬೇಕು. ಒಂದು ಬಾಗಿಲನ್ನೇ ನೋಡಿ. ಮನೆಯಲ್ಲಿ ಅದು ಹೇಗೆ ತೆರೆದರೂ ನಡೆಯುತ್ತದೆ. ರಂಗದ ಪಕ್ಕದ ಗೋಡೆಯ ಬಾಗಿಲು ನೇಪಥ್ಯದ ಕಡೆಗೇ ತೆರೆಯಬೇಕು, ಅದರ ಹಿಂಜು ರಂಗದ ಹಿಂಬದಿಗೇ ಇರಬೇಕು. ಆಗ ತೆರೆದ ಕದವೇ ಒಳಗಿನ ಹಗ್ಗ, ದೀಪದ ವೈರು, ಸರದಿ ಕಾಯುತ್ತ ನಿಂತ ನಟ ಯಾವುದೂ ಜನಕ್ಕೆ ಕಾಣದಂತೆ ಮರೆ ಮಾಡುತ್ತದೆ. ಬಂದ ನಟನ ಮುಖ ಒಳಗೆ ಕಾಲಿಟ್ಟ ಕ್ಷಣವೇ ಕಾಣುತ್ತದೆ. ಅದೇ ಕದವನ್ನು ತಿರುವುಮುರುವು ಹಾಕಿದರೆ ನಾಯಕಿಯ ಪ್ರವೇಶವನ್ನು ಕದ ಮುಚ್ಚಿಬಿಡುತ್ತದೆ. ಅವಳು ಸುತ್ತಿಕೊಂಡು ಬರುವಷ್ಟರಲ್ಲಿ ಆ ಪ್ರವೇಶದ ಕಾವು ಆರಿರುತ್ತದೆ.

ಲೆವೆಲ್ಲುಗಳದು ಇನ್ನೊಂದು ಕಥೆ. ಪ್ಲೈವುಡ್ ಹಾಳೆ ಸಿಗುವುದು ಎಂಟು ಅಡಿಗೆ ನಾಲ್ಕು ಅಡಿಯ ಅಳತೆಯಲ್ಲಿ. ಕತ್ತರಿಸಿ ದಂಡ ಮಾಡದಿರಲು ವಿನ್ಯಾಸಕ ತನ್ನ ಕಲ್ಪನೆಯನ್ನೇ ಆ ಅಳತೆಗೆ ಒಗ್ಗಿಸಿಕೊಳ್ಳುತ್ತಾನೆ. ರೀಪರಿನ ಚೌಕಟ್ಟಿಗೆ ಪ್ಲೈವುಡ್ ಹೊಡೆದರೆ ಲೆವೆಲ್ಲು ಸಿದ್ಧ, ಆದರೆ ಅದರ ಹೊಟ್ಟೆ ಟೊಳ್ಳು. ನಟ ಹೆಜ್ಜೆ ಇಟ್ಟರೆ ಡಬ್ ಡಬ್ ಸದ್ದು. ಮಗು ಸತ್ತ ತಾಯಿ ಮೆಲ್ಲಗೆ ನಡೆದುಬರುವ ದೃಶ್ಯವನ್ನು ಆ ಸದ್ದು ಕೊಂದುಬಿಡುತ್ತದೆ. ಅದಕ್ಕೇ ಮೇಲೆ ನಾರಿನ ಚಾಪೆಯನ್ನೋ ಹಳೆಯ ಜಮಖಾನೆಯನ್ನೋ ಹಾಸಿ, ಅದರ ಮೇಲೆ ಬಟ್ಟೆ ಬಿಗಿದು ಬಣ್ಣ ಬಳಿಯುತ್ತಾರೆ. ಮೆಟ್ಟಿಲಿನ ಎತ್ತರ ಮನೆಯದಕ್ಕಿಂತ ತುಸು ಕಡಿಮೆ, ಅಗಲ ತುಸು ಹೆಚ್ಚು ಇದ್ದರೆ ರಾಜ ಪಾದ ನೋಡಿಕೊಳ್ಳದೆ ಇಳಿಯಬಲ್ಲ. ನೆಲ ನೋಡುತ್ತ ಇಳಿಯುವ ರಾಜನಲ್ಲಿ ರಾಜಠೀವಿ ಉಳಿಯುವುದಿಲ್ಲ. ಗೋಡೆಗೆ ಹಾಲಿನಂಥ ಬಿಳಿ ಬಳಿದರೆ ದೀಪದ ಬೆಳಕೆಲ್ಲ ಅದಕ್ಕೇ ಹೋಗಿ ನಟನ ಮುಖ ಕಪ್ಪಾಗುತ್ತದೆ. ಆದ್ದರಿಂದ ಬಿಳಿಗೆ ಒಂದಿಷ್ಟು ಬೂದು ಬೆರೆಸುತ್ತಾರೆ, ಬಿಳಿ ಬಟ್ಟೆಯಾದರೆ ಚಹಾದ ಡಿಕಾಕ್ಷನ್ನಿನಲ್ಲಿ ಅದ್ದುತ್ತಾರೆ. ಜನಕ್ಕೆ ಅದು ಬಿಳಿಯಾಗಿಯೇ ಕಾಣುತ್ತದೆ. ಪ್ರೇಕ್ಷಕನಿಗೆ ಗೊತ್ತೇ ಆಗದ ಇಂಥ ನೂರು ತೀರ್ಮಾನಗಳು ಸೇರಿ ಒಂದು ಸಂಜೆ ನಿಲ್ಲುತ್ತದೆ.

ಸಜ್ಜಿಕೆ ಮತ್ತು ಬೆಳಕು ಬೇರೆ ಬೇರೆ ಇಲಾಖೆಗಳೆಂದು ಕರಪತ್ರದಲ್ಲಿ ಬರೆದಿರುತ್ತದೆ. ಕೆಲಸದಲ್ಲಿ ಅವು ಬೇರೆಯಾಗುವುದಿಲ್ಲ. 1959ರಲ್ಲಿ ಕೋಲ್ಕತ್ತದ ಮಿನರ್ವಾ ಥಿಯೇಟರಿನಲ್ಲಿ ಉತ್ಪಲ ದತ್ತರ ‘ಅಂಗಾರ್’ ನಾಟಕದಲ್ಲಿ ಬೆಳಕಿನ ವಿನ್ಯಾಸಕ ತಾಪಸ್ ಸೇನ್ ಕಲ್ಲಿದ್ದಲ ಗಣಿಯೊಳಗೆ ನೀರು ನುಗ್ಗಿ ಕೆಲಸಗಾರರು ಮುಳುಗುವುದನ್ನು ಬೆಳಕಿನಿಂದಲೇ ತೋರಿಸಿದರು. ಒಂದು ಹನಿ ನೀರಿಲ್ಲ. ಅದನ್ನು ಕಂಡವರು ಜೀವಮಾನವಿಡೀ ನೆನೆದರು. ಅದೇ ಊರಿನಲ್ಲಿ, 1954ರಲ್ಲಿ, ಶಂಭು ಮಿತ್ರರು ಟ್ಯಾಗೋರರ ‘ರಕ್ತಕರಬಿ’ಯನ್ನು ರಂಗಕ್ಕೆ ತಂದಾಗ ಸಜ್ಜಿಕೆ ಮಾಡಿದ ಖಾಲೇದ್ ಚೌಧುರಿ, ಆಡಲಾಗದ ನಾಟಕ ಎಂದು ಹಲವರು ತಿಳಿದಿದ್ದ ಕೃತಿಗೆ ಒಂದು ನೆಲೆ ಕೊಟ್ಟರು. 2012ರಲ್ಲಿ ಅವರಿಗೆ ಪದ್ಮಭೂಷಣ ಬಂತು. ರಂಗಸಜ್ಜಿಕೆಯೇ ಮುಖ್ಯ ಕಾಯಕವಾಗಿದ್ದವರಿಗೆ ಅಂಥ ಮನ್ನಣೆ ಸಿಗುವುದು ಈ ದೇಶದಲ್ಲಿ ಅಪರೂಪ.

ನಮ್ಮಲ್ಲಿ ಈ ವಿದ್ಯೆಗೆ ತನ್ನದೇ ಶಿಸ್ತು ಕೊಟ್ಟದ್ದು ತಿರುಗಾಟ. ಹೆಗ್ಗೋಡಿನ ನೀನಾಸಮ್ 1980ರಲ್ಲಿ ರಂಗಶಿಕ್ಷಣ ಕೇಂದ್ರ ಆರಂಭಿಸಿತು, 1985ರಲ್ಲಿ ‘ತಿರುಗಾಟ’ದ ತಂಡವನ್ನು ಊರೂರಿಗೆ ಕಳಿಸತೊಡಗಿತು. ಇಂಥ ತಂಡಕ್ಕೆ ಸಜ್ಜಿಕೆ ಮಾಡುವವರ ಮುಂದೆ ಇರುವ ಕಟ್ಟಳೆಗಳನ್ನು ಯೋಚಿಸಿ. ಇಂದು ಜಿಲ್ಲಾ ಕೇಂದ್ರದ ರಂಗಮಂದಿರ, ನಾಳೆ ಹೋಬಳಿಯ ಶಾಲೆಯ ಅಂಗಳದಲ್ಲಿ ಹಲಗೆ ಜೋಡಿಸಿದ ವೇದಿಕೆ. ಒಂದೆಡೆ ನಲವತ್ತು ಅಡಿ ಅಗಲ, ಇನ್ನೊಂದೆಡೆ ಇಪ್ಪತ್ತು. ಒಂದೇ ವಾಹನದಲ್ಲಿ ಬೇರೆ ಬೇರೆ ನಾಟಕಗಳ ಸಾಮಾನು, ವೇಷಭೂಷಣ, ದೀಪ ಎಲ್ಲ ಹಿಡಿಯಬೇಕು. ಸೆಟ್ಟು ಹೊರುವವರೂ ನಿಲ್ಲಿಸುವವರೂ ಸಂಜೆ ಬಣ್ಣ ಹಚ್ಚಿಕೊಳ್ಳುವವರೂ ಒಂದೇ ಜನ. ಆದ್ದರಿಂದ ಪ್ರತಿಯೊಂದು ತುಂಡೂ ಇಬ್ಬರು ಎತ್ತುವಷ್ಟು ಹಗುರ ಇರಬೇಕು, ಮಡಚಬೇಕು, ಮಳೆಗೆ ತಡೆಯಬೇಕು. ಒಂದು ನಾಟಕದ ಸಿಂಹಾಸನ ಇನ್ನೊಂದರ ಜಗಲಿಯಾದರೆ ಇನ್ನೂ ಒಳ್ಳೆಯದು. ಬಿದಿರು, ಗೋಣಿತಟ್ಟು, ಅಡಿಕೆ ದಬ್ಬೆ, ಹಗ್ಗ ಇವುಗಳಿಂದ ಏನೆಲ್ಲ ಮಾಡಬಹುದೆಂದು ಕನ್ನಡ ರಂಗಭೂಮಿ ಕಲಿತದ್ದು ಈ ಬಡತನದಿಂದ. ಕೊರತೆಯಿಂದಲೇ ಒಂದು ಸೌಂದರ್ಯ ಹುಟ್ಟಿತು. ಕಂಪನಿಗಳ ವೈಭವಕ್ಕಿಂತ ಇದು ಕಡಿಮೆಯದಲ್ಲ ಎಂದೇ ನನ್ನ ಎಣಿಕೆ.

ಇನ್ನೊಂದು ತುದಿಯಲ್ಲಿ ಮೈಸೂರಿನ ರಂಗಾಯಣವಿದೆ. 1989ರಲ್ಲಿ ಕಾರಂತರ ನೇತೃತ್ವದಲ್ಲಿ ಶುರುವಾದ ಈ ಸಂಸ್ಥೆ 2010ರಲ್ಲಿ ಕುವೆಂಪು ಅವರ ‘ಮಲೆಗಳಲ್ಲಿ ಮದುಮಗಳು’ ಕಾದಂಬರಿಯನ್ನು ಸಿ. ಬಸವಲಿಂಗಯ್ಯನವರ ನಿರ್ದೇಶನದಲ್ಲಿ ರಂಗಕ್ಕೆ ತಂದಿತು. ರಾತ್ರಿ ಶುರುವಾಗಿ ಸುಮಾರು ಒಂಬತ್ತು ಗಂಟೆ ನಡೆದು ಬೆಳಗಿಗೆ ಮುಗಿಯುವ ನಾಟಕ. ಆಟ ಒಂದೇ ಕಡೆ ನಡೆಯುವುದಿಲ್ಲ. ಪ್ರೇಕ್ಷಕರೇ ಎದ್ದು ಒಂದು ರಂಗದಿಂದ ಇನ್ನೊಂದಕ್ಕೆ ನಡೆಯಬೇಕು. ಮರಗಳ ನಡುವೆ, ಕತ್ತಲಲ್ಲಿ, ಚಳಿಯಲ್ಲಿ ನಡೆದು ಹೋಗಿ ಕೂತವನಿಗೆ ಮಲೆನಾಡಿನ ದಾರಿ ಎಂದರೆ ಏನೆಂದು ಕಾಲಿಗೇ ತಿಳಿಯುತ್ತದೆ. ಬೀದಿ ಪರದೆಯ ಕಾಲದಲ್ಲಿ ದೃಶ್ಯ ಬದಲಾಯಿಸಲು ಕೆಲಸಗಾರರು ಓಡಾಡುತ್ತಿದ್ದರು. ಇಲ್ಲಿ ದೃಶ್ಯ ತನ್ನ ಜಾಗದಲ್ಲೇ ಇದ್ದು ಪ್ರೇಕ್ಷಕನೇ ಓಡಾಡುತ್ತಾನೆ. ಕಾದಂಬರಿಯ ಹರಹನ್ನು ಕತ್ತರಿಸಿ ಎರಡು ಗಂಟೆಗೆ ಇಳಿಸುವ ಬದಲು, ಅದಕ್ಕೆ ತಕ್ಕ ಜಾಗವನ್ನೇ ಕಟ್ಟಿಕೊಟ್ಟ ಆ ಧೈರ್ಯವನ್ನು ಕನ್ನಡದ ದೊಡ್ಡ ರಂಗಸಾಹಸಗಳಲ್ಲಿ ಒಂದೆಂದು ಎಣಿಸಬೇಕು.

ರಂಗಸಜ್ಜಿಕೆಯ ಹಾದಿಗೆ ಜನ ಹೇಗೆ ಬರುತ್ತಾರೆ? ನೇರ ದಾರಿಯಲ್ಲಿ ಬಂದವರು ಕಡಿಮೆ. ಎಂ.ಎಸ್. ಸತ್ಯು ಎಂದರೆ ನಮಗೆ ‘ಗರಂ ಹವಾ’ದ ನಿರ್ದೇಶಕರು, ‘ಕನ್ನೇಶ್ವರ ರಾಮ’, ‘ಬರ’ ಮಾಡಿದವರು. 1930ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಅವರು 1952ರಲ್ಲಿ ಬಿ.ಎಸ್ಸಿ. ಓದನ್ನು ಅರ್ಧಕ್ಕೆ ಬಿಟ್ಟು ಹೊರಟವರು. ಅನಿಮೇಷನ್ ಕೆಲಸ ಮಾಡಿದರು, ವರ್ಷಗಟ್ಟಲೆ ಕೆಲಸವಿಲ್ಲದೆಯೂ ಇದ್ದರು. ಚೇತನ್ ಆನಂದರ ಬಳಿ ಸಹಾಯಕರಾದರು, ದೆಹಲಿಯ ಹಿಂದೂಸ್ತಾನಿ ಥಿಯೇಟರಿನಲ್ಲಿ ವಿನ್ಯಾಸ ಮತ್ತು ನಿರ್ದೇಶನ ಮಾಡಿದರು. ಅವರಿಗೆ ಫಿಲಂಫೇರ್ ಪ್ರಶಸ್ತಿ ತಂದುಕೊಟ್ಟದ್ದು ‘ಹಕೀಕತ್’ (1964) ಚಿತ್ರದ ಕಲಾನಿರ್ದೇಶನ. ‘ಗರಂ ಹವಾ’ದ ಆ ಆಗ್ರಾದ ಮನೆಯನ್ನು ನೆನೆಯಿರಿ. ಅಜ್ಜಿ ಬಿಟ್ಟು ಬರಲು ಒಪ್ಪದ ಹವೇಲಿ ಅಲ್ಲಿ ಒಂದು ಪಾತ್ರವೇ ಆಗಿದೆ. ಜಾಗವನ್ನು ಹಾಗೆ ಮಾತಾಡಿಸುವುದು ಸೆಟ್ಟಿನ ಕೆಲಸ ಮಾಡಿ ಪಳಗಿದ ಕಣ್ಣು ಎಂದು ನನಗೆ ಪ್ರತಿ ಸಲ ಅನ್ನಿಸುತ್ತದೆ.

ಕನ್ನಡದಲ್ಲಿ ಇಂದು ರಂಗಸಜ್ಜಿಕೆ ಎಂದರೆ ಮೊದಲು ನೆನಪಾಗುವ ಹೆಸರುಗಳಲ್ಲಿ ಶಶಿಧರ ಅಡಪ, ರಂಗಾಯಣದ ಎಚ್.ಕೆ. ದ್ವಾರಕಾನಾಥ್ ಇದ್ದಾರೆ. ಅಡಪರು ನಾಟಕದ ಜೊತೆಗೆ ಸಿನಿಮಾ ಕಲಾನಿರ್ದೇಶನ, ಗೊಂಬೆಗಳು, ಗಣರಾಜ್ಯೋತ್ಸವದ ಸ್ತಬ್ಧಚಿತ್ರ ಎಲ್ಲವನ್ನೂ ಮಾಡಿದವರು. ಇದರಲ್ಲಿ ಬಹುಮುಖ ಪ್ರತಿಭೆ ಕಾಣುತ್ತದೆ. ಈ ವೃತ್ತಿಯ ಸ್ವರೂಪವೂ ಕಾಣುತ್ತದೆ. ಬರಿಯ ನಾಟಕದ ಸೆಟ್ಟು ಮಾಡಿ ಕನ್ನಡದಲ್ಲಿ ಸಂಸಾರ ಸಾಗಿಸುವುದು ಬಹಳ ಕಷ್ಟ. ಸಿನಿಮಾ, ಧಾರಾವಾಹಿ, ದಸರೆಯ ಸ್ತಬ್ಧಚಿತ್ರ, ವಸ್ತುಸಂಗ್ರಹಾಲಯ, ಮೇಳಗಳು, ಮದುವೆ ಮಂಟಪ ಕೂಡ ಈ ಜನರ ಅಡುಗೆಮನೆ ನಡೆಸುತ್ತವೆ. ನಾಟಕಕ್ಕೆ ಅವರು ಉಳಿದ ಸಮಯ ಮತ್ತು ಪೂರ್ತಿ ಮನಸ್ಸು ಕೊಡುತ್ತಾರೆ.

ಸಂಸ್ಥೆಯ ಬೆಂಬಲ ಇದ್ದರೆ ಇದೇ ವೃತ್ತಿ ಎಲ್ಲಿಗೆ ಹೋಗಬಹುದು ಎಂಬುದಕ್ಕೆ ಜೆಕ್ ದೇಶದ ಯೋಸೆಫ್ ಸ್ವೊಬೊದಾ (1920–2002) ಸಾಕ್ಷಿ. ಬಡಗಿಯ ಮಗ, ತಾನೂ ಮರಗೆಲಸ ಕಲಿತು, ಆಮೇಲೆ ವಾಸ್ತುಶಿಲ್ಪ ಓದಿದವನು. ಪ್ರಾಗ್‌ನ ರಾಷ್ಟ್ರೀಯ ರಂಗಮಂದಿರದಲ್ಲಿ ದಶಕಗಳ ಕಾಲ ಮುಖ್ಯ ವಿನ್ಯಾಸಕನಾಗಿದ್ದ. ಅಲ್ಲಿನ ಕಾರ್ಯಾಗಾರ, ತಂತ್ರಜ್ಞರು, ಪ್ರಯೋಗಕ್ಕೆ ಬೇಕಾದ ಕಾಲಾವಕಾಶ ಎಲ್ಲವೂ ಅವನ ಕೈಯಲ್ಲಿದ್ದವು. 1958ರಲ್ಲಿ ಬ್ರಸೆಲ್ಸ್ ವಿಶ್ವಮೇಳದಲ್ಲಿ ನಿರ್ದೇಶಕ ಆಲ್ಫ್ರೆಡ್ ರಾಡೊಕ್ ಜೊತೆ ಸೇರಿ ಚಲನಚಿತ್ರ ಮತ್ತು ಜೀವಂತ ನಟರನ್ನು ಒಂದೇ ರಂಗದಲ್ಲಿ ಬೆಸೆದ ‘ಲಾತೆರ್ನಾ ಮಾಗಿಕಾ’ ತೋರಿಸಿದ. 1967ರಲ್ಲಿ ಜರ್ಮನಿಯ ವೀಸ್‌ಬಾಡೆನ್‌ನಲ್ಲಿ ವಾಗ್ನರನ ಒಪೆರಾಕ್ಕೆ ಗಾಳಿಯಲ್ಲಿ ತೇಲುವ ಸೂಕ್ಷ್ಮ ಹನಿಗಳ ಮೇಲೆ ದೀಪ ಹಾಯಿಸಿ ಬರಿಯ ಬೆಳಕಿನ ಕಂಬವನ್ನೇ ಎಬ್ಬಿಸಿದ. ಜೀವಮಾನದಲ್ಲಿ ಅವನು ವಿನ್ಯಾಸ ಮಾಡಿದ ಪ್ರಯೋಗಗಳು ಸುಮಾರು 700. ನಮ್ಮವರಿಗೆ ಅವನಷ್ಟು ಪ್ರತಿಭೆ ಇಲ್ಲವೆಂದು ನಾನು ಒಪ್ಪುವುದಿಲ್ಲ. ಅವನಿಗೆ ಸಿಕ್ಕ ಕಾರ್ಯಾಗಾರ ಇಲ್ಲ, ಅಷ್ಟೆ.

ನಮ್ಮ ಬಾಡಿಗೆ ರಂಗಮಂದಿರಗಳ ದಿನಚರಿ ಬೇರೆ. ಪ್ರದರ್ಶನದ ದಿನವೇ ಬೆಳಿಗ್ಗೆ ಸಾಮಾನು ಬಂದಿಳಿಯುತ್ತದೆ. ಮಧ್ಯಾಹ್ನದೊಳಗೆ ಸೆಟ್ಟು ನಿಲ್ಲಬೇಕು, ಆಮೇಲೆ ದೀಪ ಹೊಂದಿಸಬೇಕು, ಸಮಯ ಉಳಿದರೆ ಒಂದು ಗ್ರ್ಯಾಂಡ್ ರಿಹರ್ಸಲ್. ನಟರು ತಿಂಗಳುಗಟ್ಟಲೆ ನೆಲದ ಮೇಲೆ ಸೀಮೆಸುಣ್ಣದ ಗೆರೆಗಳ ನಡುವೆ ಅಭ್ಯಾಸ ಮಾಡಿರುತ್ತಾರೆ. ನಿಜವಾದ ಮೆಟ್ಟಿಲನ್ನು ಮೊದಲ ಬಾರಿಗೆ ಹತ್ತುವುದು ಅದೇ ಸಂಜೆ. ರಾತ್ರಿ ಚಪ್ಪಾಳೆ ಮುಗಿದ ಕೂಡಲೇ ಸುತ್ತಿಗೆ ಸದ್ದು ಶುರು. ಮರುದಿನ ಇನ್ನೊಂದು ತಂಡಕ್ಕೆ ಜಾಗ ಖಾಲಿ ಮಾಡಿಕೊಡಬೇಕು. ಸೆಟ್ಟನ್ನು ಇಡಲು ಗೋದಾಮು ಇಲ್ಲದ ತಂಡಗಳು ಪ್ಲೈವುಡ್ಡನ್ನು ಮರುಬಳಕೆಗೆ ಬಿಚ್ಚುತ್ತವೆ. ಉಳಿದದ್ದು ಗುಜರಿಗೆ.

ಇದರಿಂದ ಆಗುವ ನಷ್ಟ ಬರಿಯ ದುಡ್ಡಿನದಲ್ಲ. ನಾಟಕದ ಪಠ್ಯ ಪುಸ್ತಕವಾಗಿ ಉಳಿಯುತ್ತದೆ. ಸಂಗೀತ ಧ್ವನಿಮುದ್ರಿಕೆಯಲ್ಲಿ ಉಳಿಯುತ್ತದೆ. ರಂಗಸಜ್ಜಿಕೆ ಉಳಿಯುವುದು ಯಾರದೋ ಹಳೆಯ ಫೋಟೋದಲ್ಲಿ, ನಾಯಕನ ಹೆಗಲ ಹಿಂದೆ ಅರ್ಧ ಕಾಣುವಂತೆ. 1972ರ ಬಯಲಿನ ಆ ಮೂರು ನಾಟಕಗಳನ್ನು ಮತ್ತೆ ಅದೇ ಅಳತೆಯಲ್ಲಿ ಕಟ್ಟಿ ನೋಡಬೇಕೆಂದು ಇಂದಿನ ವಿದ್ಯಾರ್ಥಿಯೊಬ್ಬ ಹೊರಟರೆ ಕೈಗೆ ಸಿಗಬೇಕಾದ ನೆಲದ ನಕ್ಷೆ, ಮಾದರಿಗಳು ಒಂದೆಡೆ ಸಂಗ್ರಹವಾಗಿರಬೇಕಿತ್ತು. ಪ್ರಾಗ್ ನಗರ 1967ರಿಂದ ರಂಗವಿನ್ಯಾಸಕ್ಕೆಂದೇ ನಾಲ್ಕು ವರ್ಷಕ್ಕೊಮ್ಮೆ ಅಂತರರಾಷ್ಟ್ರೀಯ ಪ್ರದರ್ಶನ ನಡೆಸುತ್ತ ಬಂದಿದೆ. ನೂರೈವತ್ತು ವರ್ಷಗಳ ವೃತ್ತಿರಂಗಭೂಮಿ, ಹವ್ಯಾಸಿ ರಂಗಭೂಮಿಗಳ ಪರಂಪರೆ ಇರುವ ನಾಡಿಗೆ ಇಂಥ ನಕ್ಷೆ, ಮಾದರಿಗಳನ್ನು ಕಾಪಿಡಲು ಒಂದು ಕೋಣೆಯಷ್ಟಾದರೂ ಜಾಗ ಮಾಡಿಕೊಳ್ಳುವುದು ಅಸಾಧ್ಯವೇನಲ್ಲ.

ಕಲಿಯಬೇಕೆಂಬ ಹುಡುಗ ಹುಡುಗಿಯರಿಗೆ ದಾರಿಗಳಿವೆ. ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯ ಮೂರು ವರ್ಷದ ಕೋರ್ಸಿನಲ್ಲಿ ವಿನ್ಯಾಸವನ್ನು ವಿಶೇಷವಾಗಿ ಓದಬಹುದು. ಹೆಗ್ಗೋಡು ಮತ್ತು ಮೈಸೂರಿನ ರಂಗಶಿಕ್ಷಣ ಕೇಂದ್ರಗಳಲ್ಲಿ ನಟನೆಯ ಜೊತೆಗೇ ಸುತ್ತಿಗೆ ಹಿಡಿಯುವುದನ್ನೂ ಕಲಿಸುತ್ತಾರೆ. ಚಿತ್ರಕಲೆ, ವಾಸ್ತುಶಿಲ್ಪ ಓದಿದವರಿಗೂ ಇಲ್ಲಿ ಜಾಗವಿದೆ. ಮರಗೆಲಸ ಬಲ್ಲವರಿಗಂತೂ ಕೈಹಿಡಿದು ಕರೆದುಕೊಳ್ಳುವ ತಂಡಗಳಿವೆ.

ನಾಟಕ ತಂಡಗಳಲ್ಲಿ ಒಂದು ಮನವಿ. ಮುಂದಿನ ಪ್ರಯೋಗದ ಸೆಟ್ಟು ಬಿಚ್ಚುವ ಮೊದಲು ಖಾಲಿ ರಂಗವನ್ನು ದೀಪದೊಂದಿಗೆ ಒಮ್ಮೆ ಪೂರ್ತಿಯಾಗಿ ಫೋಟೋ ತೆಗೆಯಿರಿ. ನೆಲದ ನಕ್ಷೆಯ ಒಂದು ಪ್ರತಿಯನ್ನು ನಾಟಕದ ಹಸ್ತಪ್ರತಿಯ ಜೊತೆಗೇ ಇಡಿ. ಅದರ ಮೇಲೆ ವಿನ್ಯಾಸಕರ ಹೆಸರನ್ನೂ, ಕಟ್ಟಿದ ಬಡಗಿಯ ಹೆಸರನ್ನೂ, ಬಣ್ಣ ಬಳಿದವರ ಹೆಸರನ್ನೂ ಬರೆಯಿರಿ.